ಎರಡು ದಿನ ಹಿಂದಿನ ದಾರಿ

ಒಂಬತ್ತು ವರ್ಷಗಳಲ್ಲಿ ಕೌಶಿಕ ಮೂವತ್ತೊಂದು ದಾರಿ ಹುಡುಕಿದ್ದ. ಮೂವತ್ತೊಂದು ನಕ್ಷೆಗಳ ಕೆಳಗೂ ಮಾಲೀಕ ಚಂದ್ರಶೇಖರನ ಹೆಸರಿತ್ತು. ಗೆದ್ದಲು ಕಟ್ಟಿದ ಹುತ್ತಕ್ಕೆ ಹಾವು ಯಜಮಾನ ಅನ್ನುವುದು ಇದಕ್ಕೇ.

ಸೊಲ್ಲಾಪುರದ ಗತಮಾರ್ಗ ಕಂಪನಿ ಮಾರುತ್ತಿದ್ದದ್ದು ಹಿಂದಿನ ಕಾಲಕ್ಕೆ ಹೋಗುವ ದಾರಿಗಳನ್ನು. ಯಾವ ಓಣಿಯ ಯಾವ ಬಾಗಿಲು ಹೊಕ್ಕರೆ ಯಾವ ವರ್ಷದಲ್ಲಿ ಹೊರಬೀಳುತ್ತೀರಿ, ಎಷ್ಟು ಹೊತ್ತಿಗೆ ತಿರುಗಿ ಬರಬೇಕು, ಎಲ್ಲವೂ ನಕ್ಷೆಯಲ್ಲಿರುತ್ತಿತ್ತು. ಮಿಲ್ಲಿನ ಭೋಂಗಾದ ಕೂಗು ಇನ್ನೊಮ್ಮೆ ಕೇಳಬೇಕೆನ್ನುವ ಮುದುಕರು, ತೀರಿಕೊಂಡ ತಾಯಿಯನ್ನು ದೂರದಿಂದ ನೋಡಬೇಕೆನ್ನುವ ಮಕ್ಕಳು ಬಾಗಿಲಲ್ಲಿ ಸಾಲುಗಟ್ಟುತ್ತಿದ್ದರು. ಯಾವ ದಾರಿಯನ್ನೇ ಆಗಲಿ, ಮೊದಲು ತುಳಿಯುವವನು ಕೌಶಿಕ. ಒಮ್ಮೆ ಯಾವುದೋ ಬರಗಾಲದ ವರ್ಷದಲ್ಲಿ ಹನ್ನೊಂದು ದಿನ ಸಿಕ್ಕಿಬಿದ್ದು, ಕೆಸರು ನೀರು ಕುಡಿದು ಬದುಕಿ ಬಂದಿದ್ದ. ಆ ನಕ್ಷೆಗಾದರೂ ತನ್ನ ಹೆಸರು ಹಾಕಿ ಎಂದು ಕೇಳಿದಾಗ ಚಂದ್ರಶೇಖರ ಕಾಗದದಿಂದ ತಲೆ ಎತ್ತಲಿಲ್ಲ.

"ತುಳಿಯೋದು ಕಾಲಿನ ಕೆಲಸ, ಕೌಶಿಕ. ಹೆಸರು ತಲಿದು ಇರ್ತದ."

ಅಂದಿನಿಂದ ಕೌಶಿಕನಿಗೆ ಕುಂತಲ್ಲಿ ಕೂಡಲಾಗಲಿಲ್ಲ, ನಿಂತಲ್ಲಿ ನಿಲ್ಲಲಾಗಲಿಲ್ಲ. ಚಹಾ ಮುಂದಿಟ್ಟುಕೊಂಡು ಮರೆಯುತ್ತಿದ್ದ, ಬಸ್ಸು ಹತ್ತಿ ನಡುವೆಯೇ ಇಳಿದು ನಡೆಯುತ್ತಿದ್ದ. ಹಾಗೆ ತಲೆ ಕೆಟ್ಟು ಅಲೆಯುವಾಗಲೇ ಅಕ್ಕಲಕೋಟದ ಹೊರಗೆ, ಜಾಲಿ ಮುಚ್ಚಿದ ಹಾಳು ಬಾವಿಯೊಂದರಲ್ಲಿ ಮೂವತ್ತೆರಡನೆಯ ದಾರಿ ಸಿಕ್ಕಿತು. ಕಂಪನಿಯ ದಾರಿಗಳೆಲ್ಲ ಇಪ್ಪತ್ತು ವರ್ಷಕ್ಕೂ ಹಿಂದಕ್ಕೆ ಹೋಗುತ್ತಿದ್ದವು. ಇದು ಹೋಗುತ್ತಿದ್ದದ್ದು ಎರಡೇ ದಿನ ಹಿಂದಕ್ಕೆ. ಇದನ್ನು ಅವನು ನಕ್ಷೆಗೇರಿಸಲಿಲ್ಲ, ಯಾರಿಗೂ ಹೇಳಲೂ ಇಲ್ಲ. ಇದೊಂದು ಮಾತ್ರ ತನ್ನದಾಗಿರಲಿ ಎಂಬ ಆಸೆ ಮೊದಲು ಬಂತು. ಇದರಿಂದ ಏನು ಮಾಡಬಹುದೆಂಬುದು ಆಮೇಲೆ ಹೊಳೆಯಿತು.

ಯೋಜನೆ ಸರಳವಾಗಿತ್ತು. ಸೋಮವಾರ ಚಂದ್ರಶೇಖರನನ್ನು ಕೊಲ್ಲಬೇಕು. ಬುಧವಾರ ಹಾಳು ಬಾವಿಯ ದಾರಿ ಹಿಡಿದು ಮತ್ತೆ ಅದೇ ಸೋಮವಾರಕ್ಕೆ ಹೋಗಬೇಕು. ಸೊಲ್ಲಾಪುರದಲ್ಲಿ ಕೊಲೆ ನಡೆಯುವ ಹೊತ್ತಿಗೆ ನಲವತ್ತು ಕಿಲೋಮೀಟರು ದೂರದ ಅಕ್ಕಲಕೋಟದಲ್ಲಿ ನೂರು ಜನರ ಕಣ್ಣಿಗೆ ಬೀಳಬೇಕು.

ಹೊಸ ದಾರಿಯ ಬಾಯಿ ಸಿಕ್ಕಿದೆ, ಬೇರೆ ಕಂಪನಿಯವರ ಕಿವಿಗೆ ಬೀಳುವ ಮೊದಲು ಒಬ್ಬರೇ ಬನ್ನಿ ಅಂದಾಗ ಚಂದ್ರಶೇಖರ ಮುಚ್ಚಿದ ಮಿಲ್ಲಿನ ಹಿಂದಿನ ಒಣಬಾವಿಗೆ ತಾನಾಗಿಯೇ ಬಂದ. ಬಗ್ಗಿ ನೋಡಿದ. ಕೌಶಿಕ ತಳ್ಳಿದ. ಚಂದ್ರಶೇಖರನ ಕೊರಳಲ್ಲಿದ್ದ ಸರ್ವೆ ಯಂತ್ರದ ಗಡಿಯಾರ ಮಧ್ಯಾಹ್ನ ಹನ್ನೆರಡೂ ಹತ್ತಕ್ಕೆ ಒಡೆದು ನಿಂತಿತು. ಸಾವಿನ ಹೊತ್ತು ಗಟ್ಟಿಯಾದಷ್ಟೂ ಕೌಶಿಕನಿಗೆ ಒಳ್ಳೆಯದೇ. ಮೇ ತಿಂಗಳ ಬಿಸಿಲಿಗೆ ಬೀದಿ ಬರಿದಾಗಿತ್ತು. ಸಂದಿಗೊಂದಿ ಹಿಡಿದು ಮನೆ ಸೇರಿ ಸಂಜೆಯ ತನಕ ಒಳಗೇ ಶತಪಥ ಹಾಕಿದ. ಪಶ್ಚಾತ್ತಾಪ ಇರಲಿಲ್ಲ, ಬುಧವಾರ ಬೇಗ ಬರಲೊಲ್ಲದು ಎಂಬ ಸಿಟ್ಟಿತ್ತು.

ಈ ಕಂಪನಿಯವರು ಎರಡು ಮೂರು ದಿನ ಕಾಣದಿದ್ದರೆ ಮನೆಯವರೂ ಹುಡುಕುವುದಿಲ್ಲ, ಯಾವುದೋ ದಾರಿಯಲ್ಲಿದ್ದಾರೆ ಅಂದುಕೊಳ್ಳುತ್ತಾರೆ. ಮಂಗಳವಾರ ಕೌಶಿಕ ಎಂದಿನ ಕೌಶಿಕನಂತೆಯೇ ಇದ್ದ. ಗಡ್ಡ ಬೋಳಿಸಿಕೊಂಡ, ಸಾಲಿನಲ್ಲಿ ನಿಂತು ಮತ ಹಾಕಿದ, ನೆರೆಯವರ ಜೊತೆ ಬಿಸಿಲನ್ನು ಬೈದ.

ಬುಧವಾರ ಹಾಳು ಬಾವಿಗಿಳಿದು ಸೋಮವಾರದ ಬೆಳಗಿನಲ್ಲಿ ಮೇಲೆ ಬಂದು, ಅಕ್ಕಲಕೋಟದ ಅನ್ನಛತ್ರಕ್ಕೆ ಹೋದ. ಸುಮ್ಮನೆ ಪಂಕ್ತಿಯಲ್ಲಿ ಉಂಡು ಹೋದವನನ್ನು ಯಾರು ನೆನಪಿಡುತ್ತಾರೆ? ಅದಕ್ಕೇ ಅನ್ನಛತ್ರದಲ್ಲಿ ಸೇವೆ ಮಾಡುತ್ತೇನೆಂದು ಹೆಸರು, ಊರು, ವೇಳೆ ಬರೆಸಿದ. ಎಡಗೈಯಲ್ಲಿ ಬಕೆಟ್ಟು, ಬಲಗೈಯಲ್ಲಿ ಸೌಟು ಹಿಡಿದು ಹನ್ನೊಂದರಿಂದ ಎರಡರ ತನಕ ತೊವ್ವೆ ಬಡಿಸಿದ. ಪಕ್ಕದಲ್ಲಿ ಪಲ್ಯ ಬಡಿಸುತ್ತಿದ್ದ ದ್ರೌಪದಿಬಾಯಿಗೆ ತನ್ನ ಹೆಸರನ್ನು ಎರಡೆರಡು ಸಲ ಹೇಳಿದ. ಹನ್ನೆರಡೂ ಹತ್ತಕ್ಕೆ ಬೇಕೆಂದೇ ಅವಳನ್ನು ಗಂಟೆ ಎಷ್ಟೆಂದು ಕೇಳಿದ. ಹೊತ್ತು ಮುಳುಗುವ ಮೊದಲು ಬಾವಿಯಿಂದಲೇ ತಿರುಗಿ ಬುಧವಾರಕ್ಕೆ ಬಂದ.

ಗುರುವಾರ ಹೆಣ ಸಿಕ್ಕಿತು. ನಕ್ಷೆಯ ಜಗಳ ಆಫೀಸಿಗೆಲ್ಲ ಗೊತ್ತಿದ್ದುದರಿಂದ ಇನ್ಸ್‌ಪೆಕ್ಟರ್ ಅನುಜಾ ಮೊದಲು ಅವನನ್ನೇ ಕರೆಸಿದಳು. ಕಂಪನಿಯ ದಾರಿಗಳ ಪಟ್ಟಿ ಪೂರ್ತಿ ಓದಿಸಿದಳು. ಸೋಮವಾರಕ್ಕೆ ಹೋಗುವ ದಾರಿ ಅದರಲ್ಲಿರಲಿಲ್ಲ. ಅನ್ನಛತ್ರದ ವಹಿಯಲ್ಲಿ ಅವನ ಹೆಸರಿತ್ತು. ಶುಕ್ರವಾರ ಅವನನ್ನು ಅಕ್ಕಲಕೋಟಕ್ಕೆ ಕರೆದೊಯ್ದು ದ್ರೌಪದಿಬಾಯಿಯ ಮುಂದೆ ನಿಲ್ಲಿಸಿದಾಗ, ಎಷ್ಟೋ ತಿಂಗಳ ಮೇಲೆ ಕೌಶಿಕನ ಕಾಲುಗಳು ಅಲುಗಾಡದೆ ನಿಂತವು.

ದ್ರೌಪದಿಬಾಯಿ ಅವನನ್ನು ನೋಡಿ ಖುಷಿಯಿಂದಲೇ ಹೇಳಿದಳು. "ಇವರ ಬಂದಿದ್ರು ನೋಡ್ರಿ ಮ್ಯಾಡಮ್, ಸೋಮವಾರ. ನನ್ನ ಬಾಜೂಕ ನಿಂತು ವರಣ ಬಡಿಸ್ಯಾರ. ಬಕೀಟ ಹಿಡಿದ ಕೈಯಾಗ ಬೊಟ್ಟಿಗೆ ಓಟಿನ ಶಾಯಿ ಇತ್ತು, ಅದಕ್ಕ ನೆನಪ ಉಳದದ. ನಮ್ಮ ಓಟು ಮಂಗಳವಾರ ಇತ್ತಲ್ಲರಿ, ಸೊಲ್ಲಾಪುರದಾಗ ಒಂದಿನ ಮೊದಲ ಮುಗಿಸ್ಯಾರೇನೋ ಅನ್ಕೊಂಡೆ." ಅನುಜಾ ಕೌಶಿಕನ ಎಡಗೈ ಹಿಡಿದು ಬಿಸಿಲಿಗೆ ಎತ್ತಿದಳು.