ಕಲ್ಲಜ್ಜನ ಎದೆಯ ಬಣ್ಣ

ಪುತ್ತೂರು ಬಸ್ ಸ್ಟ್ಯಾಂಡಿನಲ್ಲಿ, ಪೇಪರ್ ಮಾರುವ ಅಂಗಡಿಯ ಪಕ್ಕ, ಗಾನಶ್ರೀ ಕಡು ಹಸಿರು ಚೂಡಿದಾರ್ ಹಾಕಿ ನಿಂತಿದ್ದಳು. ಹಾಗೆ ನಿಲ್ಲುತ್ತೇನೆಂದು ಸುಜಯ್‌ಗೆ ಹೇಳಿದ್ದೂ ಅವಳೇ. ಮಳೆಗಾಲ ಮುಗಿದಾಗಿನಿಂದ ದಿನಾ ಸಂಜೆ ಹೆಡ್‌ಸೆಟ್‌ನಲ್ಲಿ ಕೇಳಿದ ದನಿಗೆ ಇವತ್ತು ಒಂದು ಮುಖ ಸಿಗಲಿಕ್ಕಿತ್ತು.

ಸುಬ್ರಹ್ಮಣ್ಯದ ಬಸ್ಸಿನಿಂದ ಇಳಿದವರಲ್ಲಿ ಅವನನ್ನು ಗುರುತಿಸುವುದು ಕಷ್ಟವಾಗಲಿಲ್ಲ. ಹೇಳಿದ ಹಾಗೇ ನೀಲಿ ಶರ್ಟು, ಹೆಗಲಿಗೆ ಕಪ್ಪು ಬ್ಯಾಗು. ಅವನು ಸುತ್ತಲೂ ನೋಡಿದ. ಅವನ ಕಣ್ಣು ಅವಳ ಮೇಲೆ ಬಂದು ಒಂದು ಗಳಿಗೆ ನಿಂತಿತು. ಅವಳ ತುಟಿಯಲ್ಲಿ ನಗು ಮೂಡುವುದರಲ್ಲಿತ್ತು. ಅಷ್ಟರಲ್ಲಿ ಆ ಕಣ್ಣು ಅವಳನ್ನು ದಾಟಿ ಮುಂದೆ ಹೋಯಿತು.

ಅವನು ನೇರ ನಡೆದು ಕೆಂಪು ಚೂಡಿದಾರ್ ಹಾಕಿದ ಬೇರೆ ಹುಡುಗಿಯ ಮುಂದೆ ನಿಂತು, "ಗಾನಶ್ರೀ ಅಲ್ವಾ?" ಎಂದು ಕೇಳಿದ.

ಆ ಹುಡುಗಿ ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿ ಬಸ್ಸು ಹತ್ತಿದಳು. ಚಂದದ ಹುಡುಗಿ. ಗಾನಶ್ರೀಗೆ ಎದೆಯಲ್ಲಿ ಸಣ್ಣ ಮುಳ್ಳು ಚುಚ್ಚಿದಂತಾಯಿತು. ನನ್ನನ್ನು ನೋಡಿಯೂ ಅವನು, ಗಾನಶ್ರೀ ಇವಳಾಗಿರುವುದು ಬೇಡ, ಅವಳೇ ಆಗಿರಲಿ ಅಂತ ಆಸೆಪಟ್ಟಿರಬೇಕು ಅಂದುಕೊಂಡಳು.

"ಇಲ್ಲಿದ್ದೇನೆ ಮಾರಾಯ್ರೆ," ಎಂದು ಅವಳೇ ಕರೆದಳು.

ಅವನು ತಿರುಗಿದ. ಮುಖ ಒಮ್ಮೆಗೇ ಅರಳಿ, ಮರುಕ್ಷಣವೇ ನಾಚಿಕೆಯಿಂದ ಮುದುಡಿತು. "ಸಾರಿ. ನೀವು ಇಷ್ಟು ಹತ್ತಿರ ಇದ್ರಿ ಅಂತ..."

"ಹಸಿರು ಅಂತ ಹೇಳಿದ್ದೆನಲ್ಲ?"

"ಹೇಳಿದ್ರಿ," ಎಂದು ಅವನು ಬ್ಯಾಗಿನ ಪಟ್ಟಿ ಸರಿಮಾಡಿಕೊಂಡ. ಹೆಡ್‌ಸೆಟ್‌ನಲ್ಲಿ ಬಾಯಿ ಮುಚ್ಚದವನು ಈಗ ಅವಳ ಪಕ್ಕ ಸುಮ್ಮನೆ ನಡೆದ. ನಡುನಡುವೆ ಕಳ್ಳನ ಹಾಗೆ ಅವಳ ಕಡೆ ನೋಡುತ್ತಿದ್ದ, ಅವಳು ನೋಡಿದರೆ ರಸ್ತೆ ನೋಡುತ್ತಿದ್ದ. ಅವಳ ಸಿಟ್ಟು ಅರ್ಧ ದಾರಿಯಲ್ಲೇ ಕರಗಿತು. ಆದರೆ ಮುಳ್ಳು ಹಾಗೇ ಇತ್ತು.

ಅವರಿಬ್ಬರ ಪರಿಚಯವಾದದ್ದು ಒಂದು ಗೇಮ್‌ನಲ್ಲಿ. ಇಬ್ಬರು ಸೇರಿಯೇ ಆಡಬೇಕಾದ ಗೇಮ್ ಅದು. ಜೊತೆಗೆ ಯಾರು ಸಿಗುತ್ತಾರೆ ಎನ್ನುವುದು ಅದೃಷ್ಟ. ಒಂದು ಸಂಜೆ ಸೋತ ಬೇಸರದಲ್ಲಿ ಅವಳು, "ಎಂತ ಸಾವು ಮಾರಾಯ್ರೆ ಇದು," ಅಂದದ್ದು ಮೈಕಿನಲ್ಲಿ ಹೋಗಿತ್ತು. ಆ ಕಡೆಯಿಂದ ನಗು ಕೇಳಿತು. "ನೀವು ಎಲ್ಲಿಯವರು? ನಾನು ನೆಟ್ಟಣ." ಅಲ್ಲಿಂದ ಶುರುವಾದದ್ದು ನಿಲ್ಲಲಿಲ್ಲ.

ಆ ಗೇಮ್‌ನಲ್ಲಿ ಕೊನೆಗೆ ಸೋಲಿಸಬೇಕಾದ ಬಾಸ್ ಗುಡ್ಡದಷ್ಟು ದೊಡ್ಡ ಕಲ್ಲಿನ ಮುದುಕ. ಇವರು ಇಟ್ಟ ಹೆಸರು ಕಲ್ಲಜ್ಜ. ಅವನ ಎದೆಯಲ್ಲೊಂದು ಹರಳು, ಅದರ ಬಣ್ಣ ಬದಲಾಗುತ್ತಾ ಇರುತ್ತದೆ. ಕೆಂಪಾದರೆ ಮೈಯೆಲ್ಲ ಬೆಂಕಿ, ಆಗ ನೀರಿನ ಬಾಣ ಬಿಡಬೇಕು. ಹಸಿರಾದರೆ ವಿಷ, ಅದನ್ನು ಬೆಂಕಿಯಿಂದ ಸುಡಬೇಕು. ನೀಲಿಯಾದರೆ ನೀರು, ಅದಕ್ಕೆ ಸಿಡಿಲು. ಇಬ್ಬರೂ ಒಟ್ಟಿಗೆ ಸರಿಯಾದ್ದನ್ನು ಹೊಡೆದರೆ ಮಾತ್ರ ಕಲ್ಲು ಬಿರಿಯುತ್ತದೆ. ಒಬ್ಬರು ತಪ್ಪಿದರೂ ಅಜ್ಜ ಮತ್ತೆ ಗಟ್ಟಿಯಾಗುತ್ತಾನೆ. ಬಣ್ಣ ಕೂಗಿ ಹೇಳುವುದು ಗಾನಶ್ರೀಯ ಕೆಲಸವಾಗಿತ್ತು. "ಕೆಂಪು," ಅನ್ನುತ್ತಿದ್ದಳು, ಅವನ ನೀರು ಅವಳ ನೀರಿನ ಜೊತೆಗೇ ಬಂದು ಬೀಳುತ್ತಿತ್ತು. ಅವಳಿಗೆ ಅದರಲ್ಲಿ ಒಂದು ಹಿತವಿತ್ತು. ತಾನು ಹೇಳಿದ್ದನ್ನು ಇಷ್ಟು ಕಿವಿಗೊಟ್ಟು ಕೇಳುವ ಮನುಷ್ಯ ಅವಳಿಗೆ ಬೇರೆಲ್ಲೂ ಸಿಕ್ಕಿರಲಿಲ್ಲ.

ಅಸ್ಕರ್ ಎಂಬವರ ಗೇಮಿಂಗ್ ಕೆಫೆಯಲ್ಲಿ ಆ ಭಾನುವಾರ ಜೋಡಿಗಳ ಸ್ಪರ್ಧೆ ಇತ್ತು. ಸುಜಯ್ ಪುತ್ತೂರಿಗೆ ಬಂದದ್ದೂ ಅದಕ್ಕೇ. ಮೆಟ್ಟಿಲು ಹತ್ತಿ ಒಳಗೆ ಕಾಲಿಟ್ಟಾಗ ಗಾನಶ್ರೀಯ ಜೀವ ಬಾಯಿಗೆ ಬಂತು. ಅರ್ಧ ಜನ ಅವಳದೇ ವಿದ್ಯಾರ್ಥಿಗಳು. ಅವಳು ಕಾಲೇಜಿನಲ್ಲಿ ಸಂಖ್ಯಾಶಾಸ್ತ್ರ ಕಲಿಸುವವಳು, ನಗದ ಮೇಡಂ ಎಂದೇ ಹೆಸರಾದವಳು.

"ಮೇಡಂ, ನೀವು ಗೇಮ್ ಆಡ್ತೀರಾ?" ಆಯಿಶತ್ ಶಿಫಾ ಎಂಬ ಹುಡುಗಿ ಕಣ್ಣರಳಿಸಿ ಕೇಳಿದಳು. ಫೋನ್ ಆಗಲೇ ಅವಳ ಕೈಯಲ್ಲಿತ್ತು. ವಾಪಸ್ ಹೋಗುವ ಹಾಗಿರಲಿಲ್ಲ.

ಜೋಡಿಗಳನ್ನು ಬೆನ್ನಿಗೆ ಬೆನ್ನು ಹಾಕಿ ಕೂರಿಸಿದ್ದರು. ಒಬ್ಬೊಬ್ಬರಿಗೆ ಒಂದೊಂದು ಪರದೆ, ಒಂದೊಂದು ಹೆಡ್‌ಸೆಟ್. ಸುತ್ತ ಹುಡುಗರ ಗಲಾಟೆ. ಒಂದೊಂದೇ ಜೋಡಿ ಉದುರಿ, ಕಲ್ಲಜ್ಜನ ಮುಂದೆ ಉಳಿದದ್ದು ಇವರು ಮಾತ್ರ. ನೀಲಿ ಬಂತು, ಇಬ್ಬರ ಸಿಡಿಲೂ ಒಟ್ಟಿಗೆ ಬಿತ್ತು. ಕಲ್ಲು ಬಿರಿಯಿತು. ಹಿಂದಿನಿಂದ ಚಪ್ಪಾಳೆ. ಹರಳು ಕೆಂಪಾಯಿತು.

"ಕೆಂಪು," ಎಂದಳು. ಅವನ ಬೆಂಕಿ ಬಂತು. ಅಜ್ಜ ಅದನ್ನು ನುಂಗಿ ಎದ್ದು ನಿಂತ. "ಸುಜಯ್, ಕೆಂಪು. ಕೆಂಪು ಅಂತ ಹೇಳಿದೆ." ಮತ್ತೆ ಬೆಂಕಿ. ಅಜ್ಜನ ಕಾಲು ಮೇಲೆದ್ದಿತು, ಇಳಿಯಿತು. ಪರದೆ ಕಪ್ಪಾಯಿತು.

ವಿದ್ಯಾರ್ಥಿಗಳೆಲ್ಲ ನೋಡುತ್ತಿದ್ದರು. ಅವಳು ಹೆಡ್‌ಸೆಟ್ ಕಿತ್ತು ತಿರುಗಿದಳು. ಬಸ್ ಸ್ಟ್ಯಾಂಡಿನ ಮುಳ್ಳು, ಸೋತ ಅವಮಾನ, ಎಲ್ಲ ಸೇರಿ ಒಂದೇ ಮಾತಾಗಿ ಹೊರಗೆ ಬಂತು.

"ಕಣ್ಣು ಕಾಣುದಿಲ್ವಾ ನಿಮಗೆ?"

ಯಾರೋ ನಕ್ಕರು. ಸುಜಯ್ ನಗಲಿಲ್ಲ. ಹೆಡ್‌ಸೆಟ್ಟನ್ನು ಮೇಜಿನ ಮೇಲೆ ಮೆಲ್ಲಗೆ ಇಟ್ಟು, ಬ್ಯಾಗು ಎತ್ತಿಕೊಂಡು, "ಬರ್ತೇನೆ," ಎಂದಷ್ಟೇ ಹೇಳಿ ಮೆಟ್ಟಿಲು ಇಳಿದ.

ಆಮೇಲೆ ಅವನು ಆನ್‌ಲೈನ್ ಬರಲಿಲ್ಲ. ಸಂಜೆಯಾದರೆ ಅವಳು ಲಾಗಿನ್ ಆಗುವುದು, ಅವನ ಹೆಸರಿನ ಮುಂದಿನ ದೀಪ ಆರಿಯೇ ಇರುವುದು ನೋಡಿ ಮುಚ್ಚುವುದು, ಮತ್ತೆ ತೆರೆಯುವುದು. ಸಾರಿ ಎಂದು ಬರೆದಳು, ಉತ್ತರವಿಲ್ಲ. ಚಹಾ ಮಾಡಿ ಕುಡಿಯಲು ಮರೆಯುತ್ತಿದ್ದಳು. ಪಾಠದ ನಡುವೆ ಬೋರ್ಡಿನ ಮೇಲೆ ಅರ್ಧ ಬರೆದ ಸೂತ್ರ ಬಿಟ್ಟು ಕಿಟಕಿ ಹತ್ತಿರ ಹೋಗಿ ನಿಲ್ಲುತ್ತಿದ್ದಳು. ಏನಾಗಿದೆ ತನಗೆ ಎಂದು ತನ್ನನ್ನೇ ಕೇಳಿಕೊಂಡರೆ ಸಿಟ್ಟು ಬರುತ್ತಿತ್ತು. ಒಂದೇ ಒಂದು ಸಲ ನೋಡಿದ ಮನುಷ್ಯನಿಗಾಗಿ ಇಷ್ಟು ಚಡಪಡಿಕೆಯಾ? ಆದರೆ ಕಿವಿಗೆ ಅವನ ಪರಿಚಯ ಎಷ್ಟೋ ಹಳೆಯದು. ಕಿವಿಯೇ ಅವನನ್ನು ಹುಡುಕುತ್ತಿತ್ತು.

ಒಂದು ಮಧ್ಯಾಹ್ನ ಶಿಫಾ ಸ್ಟಾಫ್ ರೂಮಿಗೆ ಬಂದಳು. "ಮೇಡಂ, ಅವತ್ತಿನ ವಿಡಿಯೋ ಉಂಟು. ನೀವು ನೋಡಬೇಕು ಅಂತ ಕಂಡಿತು. ನಿಮ್ಮ ವಯರ್ ನೋಡಿ."

ವಿಡಿಯೋದಲ್ಲಿ, ಚಪ್ಪಾಳೆ ಬಿದ್ದ ಖುಷಿಯಲ್ಲಿ, ಗಾನಶ್ರೀಯ ಕಾಲು ತಾಗಿ ಹೆಡ್‌ಸೆಟ್ಟಿನ ವಯರ್ ಕಳಚಿ ನೆಲಕ್ಕೆ ಬಿದ್ದಿತ್ತು. ಅವಳು ಕೂಗಿದ ಕೆಂಪು ಅವನಿಗೆ ಕೇಳಿಯೇ ಇರಲಿಲ್ಲ.

ನಾಚಿಕೆಯಿಂದ ಅವಳ ಮುಖ ಬಿಸಿಯಾಯಿತು. ಆದರೂ ಒಂದು ಸಂಗತಿ ಹೊಂದಿಕೆಯಾಗಲಿಲ್ಲ. ಕೇಳದಿದ್ದರೇನು, ಹರಳು ಅವನ ಕಣ್ಣ ಮುಂದೆಯೇ ಇತ್ತಲ್ಲ? ಅವಳು ವಿಡಿಯೋ ಮತ್ತೆ ನೋಡಿದಳು. ನೀಲಿಗೆ ಅವನು ಒಮ್ಮೆಯೂ ತಡವರಿಸಿರಲಿಲ್ಲ. ತಪ್ಪಿದ್ದು ಕೆಂಪಿಗೆ. ಕೆಂಪನ್ನು ಹಸಿರು ಎಂದುಕೊಂಡು ಬೆಂಕಿ ಬಿಟ್ಟಿದ್ದ.

ಹಸಿರು. ಅವಳು ಫೋನನ್ನು ಕೆಳಗಿಟ್ಟಳು. ಬಸ್ ಸ್ಟ್ಯಾಂಡಿನಲ್ಲಿ ಅವನು ಹುಡುಕಿದ್ದು ಹಸಿರನ್ನೇ.

"ಮೇಡಂ, ಹುಷಾರಿದ್ದೀರಾ?" ಎಂದಳು ಶಿಫಾ.

"ಹೂಂ. ನಾನೊಬ್ಬಳು ಪೆದ್ದಿ, ಅಷ್ಟೆ," ಎಂದಳು ಗಾನಶ್ರೀ.

ಮರುದಿನ ರಜೆ ಹಾಕಿ ಅವಳು ರೈಲು ಹತ್ತಿದಳು. ಎಡಮಂಗಲ ದಾಟಿತು, ಕೋಡಿಂಬಾಳ ದಾಟಿತು. ಅವಳು ಕೂತಲ್ಲಿ ಕೂರಲಿಲ್ಲ. ಬಾಗಿಲಿಗೆ ಬಂದು ನಿಂತಳು, ಮತ್ತೆ ಸೀಟಿಗೆ ಹೋದಳು, ಹೇಳಬೇಕಾದ್ದನ್ನು ಮನಸ್ಸಿನಲ್ಲೇ ಜೋಡಿಸಿ ಕೆಡಿಸಿದಳು. ಕೊನೆಗೆ ಸುಬ್ರಹ್ಮಣ್ಯ ರೋಡ್ ಎಂಬ ಬೋರ್ಡು ಕಂಡಾಗ ಒಂದು ಮಾತೂ ನೆನಪಿರಲಿಲ್ಲ.

ನೆಟ್ಟಣದ ಸ್ಟೇಷನ್ನಿಗೆ ಇರುವುದು ಅದೇ ಹೆಸರು. ಅದರ ಹೊರಗೇ ಅವನು ಆಗಾಗ ಹೇಳುತ್ತಿದ್ದ ಹೋಟೆಲು. ಅಮ್ಮನೂ ಮಗನೂ ನಡೆಸುವುದು. ಯಾತ್ರಿಕರು ಜೀಪು ಹತ್ತಿ ಹೋದ ಮೇಲೆ ಹೋಟೆಲು ಖಾಲಿಯಾಗಿತ್ತು. ಮೇಜು ಒರೆಸುತ್ತಿದ್ದ ಸುಜಯ್ ತಲೆಯೆತ್ತಿದ. ಕೈಯ ಬಟ್ಟೆ ಅಲ್ಲೇ ನಿಂತಿತು.

"ಬನ್ನಿ," ಎಂದ. "ಚಹಾವಾ?"

"ವಯರ್ ನಾನೇ ತುಳಿದದ್ದು," ಎಂದಳು ಅವಳು, ನಿಂತಲ್ಲಿಂದಲೇ. "ನಿಮಗೆ ಏನೂ ಕೇಳ್ಲಿಲ್ಲ. ಮತ್ತೆ... ನಿಮಗೆ ಕೆಂಪು, ಹಸಿರು ಎರಡೂ ಒಂದೇ ಹಾಗೆ ಕಾಣ್ತದೆ ಅಲ್ವಾ?"

ಅವನು ಕೈಯ ಬಟ್ಟೆಯನ್ನು ಮಡಚಿ ಮೇಜಿನ ಮೇಲಿಟ್ಟ. "ಒಣಗಿದ ಎಲೆ ಬಣ್ಣ. ಎರಡೂ."

"ನಾನು ಅಷ್ಟು ಜನರ ಎದುರು ಕಣ್ಣು ಕಾಣುದಿಲ್ವಾ ಕೇಳಿದೆ."

"ನಿಮಗೆ ಗೊತ್ತಿರ್ಲಿಲ್ಲ."

"ಹೇಳಬಹುದಿತ್ತಲ್ಲ."

ಅವನು ಅವಳ ಎದುರಿನ ಬೆಂಚಿನಲ್ಲಿ ಕೂತ. ಹೊರಗೆ ಒಂದು ಗೂಡ್ಸ್ ರೈಲು ಘಾಟಿ ಹತ್ತಲು ಇನ್ನೊಂದು ಎಂಜಿನ್ನಿಗೆ ಕಾಯುತ್ತಾ ನಿಂತಿತ್ತು. ಅದನ್ನು ನೋಡುತ್ತಲೇ ಹೇಳಿದ. "ನನಗೆ ರೈಲು ಬಿಡ್ಬೇಕು, ಡ್ರೈವರ್ ಆಗ್ಬೇಕು ಅಂತ ಇತ್ತು. ಪರೀಕ್ಷೆ ಪಾಸಾದೆ. ಊರಿಡೀ ಗೊತ್ತಾಯ್ತು, ಅಮ್ಮ ಎಲ್ಲರಿಗೂ ಸ್ವೀಟ್ ಕೊಟ್ರು. ಆಮೇಲೆ ಮೆಡಿಕಲ್ ಟೆಸ್ಟ್. ಚುಕ್ಕಿ ಚುಕ್ಕಿ ಇರುವ ಒಂದು ಚಿತ್ರ ಕೊಟ್ಟು ಒಳಗೆ ಯಾವ ನಂಬರ್ ಉಂಟು ಅಂತ ಕೇಳಿದ್ರು. ನನಗೆ ಕಂಡದ್ದು ಬರೀ ಚುಕ್ಕಿ. ಅಲ್ಲಿಂದ ಯಾರಿಗೆ ಹೇಳಿದ್ರೂ ಒಂದೇ. ಟೊಮೆಟೊ ಎತ್ತಿ ತೋರಿಸಿ ಇದು ಯಾವ ಬಣ್ಣ ಹೇಳು ಅಂತಾರೆ. ನಿಮ್ಮ ಹತ್ತಿರ ಹಾಗೆ ಆಗುದು ಬೇಡ ಅಂತ ಕಂಡಿತು."

ಗಾನಶ್ರೀ ಬ್ಯಾಗಿನಿಂದ ಫೋನ್ ತೆಗೆದಳು. "ಒಂದು ವಿಷಯ ಹುಡುಕಿ ತಂದಿದ್ದೇನೆ. ಗೇಮ್‌ನಲ್ಲಿ ಒಂದು ಸೆಟ್ಟಿಂಗ್ ಉಂಟು. ಅದನ್ನು ಹಾಕಿದ್ರೆ ಹರಳಿನ ಮೇಲೆ ಗುರುತು ಬರ್ತದೆ, ಬೆಂಕಿಗೆ ಒಂದು, ವಿಷಕ್ಕೆ ಒಂದು. ಬಣ್ಣ ನೋಡುದೇ ಬೇಡ."

ಸುಜಯ್ ತಲೆ ತಗ್ಗಿಸಿದ. ಅವನ ಕಿವಿ ಕೆಂಪೇರಿದ್ದು ಅವಳಿಗೆ ಮಾತ್ರ ಕಾಣುವ ಹಾಗಿತ್ತು.

"ಗೊತ್ತುಂಟು," ಎಂದ.

"ಯಾವಾಗಿನಿಂದ?"

"ಶುರುವಿನಿಂದಲೇ."

"ಮತ್ತೆ ಯಾಕೆ ಹಾಕಿಲ್ಲ?"

ಅವನು ಬೆರಳಿನಿಂದ ಮೇಜಿನ ಮೇಲಿನ ನೀರಿನ ಗೆರೆಯನ್ನು ಉದ್ದ ಎಳೆದ. "ಹಾಕಿದ್ರೆ ನೀವು ಕರೆದು ಹೇಳುದು ಬೇಡ ಆಗ್ತಿತ್ತಲ್ಲ. ಕೆಂಪು ಅಂತ ನೀವು ಹೇಳುವಾಗ... ನಾನು ಇಡೀ ದಿನ ಅದಕ್ಕೇ ಕಾಯ್ತಿದ್ದೆ."

ಹೊರಗೆ ಎಂಜಿನ್ ಬಂದು ಕೊಂಡಿಗೆ ಸೇರಿದ ಸದ್ದು ಕೇಳಿತು. ಗಾನಶ್ರೀಗೆ ಎಲ್ಲಿ ನೋಡಬೇಕೆಂದು ತಿಳಿಯಲಿಲ್ಲ. ಅವನ ಕೈ ನೋಡಿದಳು, ಗೋಡೆ ನೋಡಿದಳು, ಕೊನೆಗೆ ಅವನನ್ನೇ ನೋಡಿದಳು. ಈ ಸಲ ಅವನು ರಸ್ತೆ ಕಡೆ ತಿರುಗಲಿಲ್ಲ.

"ಲ್ಯಾಪ್‌ಟಾಪ್ ಇಲ್ಲಿ ಉಂಟಾ?" ಎಂದು ಕೇಳಿದಳು.

ಹಿಂದಿನ ಕೋಣೆಯಲ್ಲಿ ಅಕ್ಕಿ ಚೀಲಗಳ ಪಕ್ಕ ಇತ್ತು. ಎರಡು ಕಂಟ್ರೋಲರ್, ಒಂದೇ ಪರದೆ. ಅವನ ಅಮ್ಮ ಕುಮುದಿನಿ ಎರಡು ಚಹಾ ತಂದಿಟ್ಟು, ಇಬ್ಬರ ಮುಖವನ್ನೂ ಒಮ್ಮೆ ಸರಿಯಾಗಿ ನೋಡಿ, ಒಲೆಯ ಹತ್ತಿರ ಹೋದರು.

"ಸೆಟ್ಟಿಂಗ್ ಹಾಕಿ," ಎಂದಳು ಗಾನಶ್ರೀ.

ಅವನ ಮುಖ ಬಾಡಿತು. "ಬೇಡ."

"ಹಾಕಿ ಮಾರಾಯ್ರೆ. ಬಣ್ಣ ಹೇಳ್ಲಿಕ್ಕೆ ನಾನು ಬೇಡ. ನನಗೆ ಬೇರೆ ಹೇಳ್ಲಿಕ್ಕುಂಟು."

ಅವನು ಹಾಕಿದ. ಕಲ್ಲಜ್ಜ ಎದ್ದು ಬಂದ. ಮೊದಲ ಸಲ ಸುಜಯ್ ಯಾರ ದನಿಗೂ ಕಾಯದೆ ಹೊಡೆದ. ನೀರು, ಬೆಂಕಿ, ಸಿಡಿಲು, ಒಂದೂ ತಪ್ಪಲಿಲ್ಲ. ಭುಜಕ್ಕೆ ಭುಜ ತಾಗುತ್ತಿತ್ತು. ಅಜ್ಜನ ಎದೆಯ ಕಲ್ಲು ಪೂರ್ತಿ ಬಿರಿದು, ಇನ್ನೊಂದು ಏಟು ಬಾಕಿ ಎನ್ನುವಾಗ ಅವಳು ಪರದೆಯಿಂದ ಕಣ್ಣು ತೆಗೆಯದೆ ಹೇಳಿದಳು.

"ನನಗೆ ನೀನು ಬೇಕು, ಸುಜಯ್."

ಅವನ ಬೆರಳು ನಿಂತಿತು. ಅವಳದೂ ನಿಂತಿತು. ಕಲ್ಲಜ್ಜ ಕಾಲೆತ್ತಿ ಇಬ್ಬರನ್ನೂ ನೆಲಕ್ಕೆ ಹಾಕಿದ. ಪರದೆ ಕಪ್ಪಾಯಿತು, ಆ ಕಪ್ಪಿನಲ್ಲಿ ಎರಡು ಮುಖ ಪಕ್ಕಪಕ್ಕ ಕಂಡವು.

"ನಿಮ್ಮ ಮನೆಯಲ್ಲಿ ಒಪ್ತಾರಾ?" ಎಂದ ಅವನು. "ನಾವು ಗೌಡರು. ನೀವು ಭಟ್ರು."

"ಸುಲಭದಲ್ಲಿ ಇಲ್ಲ. ಅಪ್ಪ ಮಾತು ಬಿಡಬಹುದು. ಆದರೂ ನಾನೇ ಹೇಳ್ತೇನೆ."

"ಒಬ್ಬಳೇ ಬೇಡ. ನಾನೂ ಬರ್ತೇನೆ." ಅವನು ಕಂಟ್ರೋಲರನ್ನು ಚೀಲದ ಮೇಲಿಟ್ಟ. "ಇನ್ನೊಮ್ಮೆ?"

"ಆಟವಾ?"

"ಅಲ್ಲ," ಎಂದ ಸುಜಯ್. "ನೀನು ಹೇಳಿದ್ದು."