ಏಳನೇ ಅಧ್ಯಾಯ ಓದಿದವನು

"ಕೈ ಮೇಲೆತ್ತು!"

ಎತ್ತಿದೆ. ಎರಡು ಕೈಯಲ್ಲೂ ನಮ್ಮ ಭಾವನ ಪುಸ್ತಕ!

ಎದುರಿಗೆ ವಿದ್ಯುತ್ ಇಲಾಖೆಯ ಸೆಕ್ಯೂರಿಟಿಯವನು. ಬೀರುವಿನ ಗಾತ್ರ. ಕೈಯಲ್ಲಿ ಕಬ್ಬಿಣದ ರಾಡು. ನನ್ನ ಹಿಂದೆ ಗುಂಯ್‌ಗುಡುವ ಟ್ರಾನ್ಸ್‌ಫಾರ್ಮರ್. ಮುಂದೆ ಹೋದರೆ ಮೂಳೆ ಪುಡಿ, ಹಿಂದೆ ಹೋದರೆ ಬೂದಿ...

ಇಲ್ಲಿಗೆ ಯಾಕೆ ಬಂದೆ ಅಂತೀರಾ? ಅಕ್ಕ ಕಳಿಸಿದ್ದು.

ನಾನು ಪ್ರೈವೇಟ್ ಡಿಟೆಕ್ಟಿವ್. ಓಡಿಹೋದ ಗಂಡಂದಿರನ್ನು ಹುಡುಕುವವನು. ಭಾವ ಇದೇ ಇಲಾಖೆಯ ರಿಟೈರ್ಡ್ ಇಂಜಿನಿಯರ್. ಕರೆಂಟಿನ ಮೇಲೊಂದು, ನೀರು-ಬಸ್ಸುಗಳಂಥ ಸಾರ್ವಜನಿಕ ಸೇವೆಗಳ ಮೇಲೊಂದು, ಸರ್ಕಾರದ ಮೇಲೊಂದು ಪುಸ್ತಕ ಬರೆದಿದ್ದಾರೆ. ಮೂರೂ ಅಂಗಡಿಗೆ ಬಂದ ವಾರದಲ್ಲೇ ಖಾಲಿ! ಆದರೆ ಓದಿದವನು ಊರಲ್ಲಿ ಒಬ್ಬನೂ ಇಲ್ಲ. ನಾನೂ ಓದಿಲ್ಲ ಬಿಡಿ.

ಇವತ್ತು ಬೆಳಿಗ್ಗೆ ಅಕ್ಕನಿಗೆ ಆಪರೇಷನ್. ಸ್ಟ್ರೆಚರ್ ಮೇಲಿಂದ ಕೈ ಹಿಡಿದುಕೊಂಡಳು.

"ನಿಮ್ಮ ಭಾವನ ಪುಸ್ತಕ ಯಾರು ತಗೊಳ್ತಿದಾರೋ? ಒಬ್ಬ ಓದುಗನನ್ನ ಹುಡುಕಿ ತಾರೋ. ನಾನು ಆಚೆ ಬರದೇ ಹೋದ್ರೆ, ಇವರ ಜೊತೆ ಮಾತಾಡೋಕೆ ಒಬ್ರಾದ್ರೂ ಇರ್ಲಿ."

ನೇರ ಪುಸ್ತಕದ ಅಂಗಡಿಗೆ ಹೊರಟೆ.

ಕರೆಂಟಿನ ಪುಸ್ತಕದ ಎರಡನೇ ಮುದ್ರಣ ಇವತ್ತೇ ಅಂಗಡಿಗೆ ಬಂದಿತ್ತು. ಕಾದು ನಿಂತೆ. ಇಲಾಖೆಯ ಜೀಪು ಬಂತು. ಅಷ್ಟೂ ಕಟ್ಟುಗಳನ್ನು ತುಂಬಿಕೊಂಡು ಹೊರಟಿತು. ಬೈಕಲ್ಲಿ ಬೆನ್ನು ಹತ್ತಿದೆ. ಸಿಗ್ನಲ್ ಹಾರಿಸಿದೆ... ತಳ್ಳುಗಾಡಿ ತಪ್ಪಿಸಿದೆ... ಜೀಪು ನಿಂತಿದ್ದು ಆಸ್ಪತ್ರೆ ಪಕ್ಕದ ಇದೇ ಸಬ್‌ಸ್ಟೇಷನ್ನಿನಲ್ಲಿ. ಕಿಟಕಿಯಿಂದ ಒಳಗೆ ಹಾರಿದೆ. ಸಿಕ್ಕಿಬಿದ್ದೆ!

"ಬಿಡೋ ಅವನನ್ನ," ಅಂತ ಬಾಗಿಲಲ್ಲಿ ಸಾಹೇಬರ ದನಿ. ಸಬ್‌ಸ್ಟೇಷನ್ನಿನ ದೊಡ್ಡ ಅಧಿಕಾರಿ.

"ಯಾಕ್ ಸಾರ್ ಎಲ್ಲಾ ನೀವೇ ಕೊಂಡ್ರಿ?"

"ಇಲಾಖೆ ಹುಳುಕೆಲ್ಲ ಬರೆದಿದಾರಂತೆ. ಬ್ಯಾನ್ ಮಾಡಿದ್ರೆ ಜನ ಹುಡುಕಿ ಓದ್ತಾರಪ್ಪ. ಕೊಂಡುಬಿಟ್ರೆ ಯಾರೂ ಓದಲ್ಲ. ಬರೆದವರಿಗೂ ಖುಷಿ!"

"ನೀವು ಓದಿದ್ರಾ?"

"ನನಗೆ ಡ್ಯೂಟಿ ಇಲ್ವೇನಯ್ಯ?"

"ಮತ್ತೆ ಇಲ್ಲಿ ಯಾಕೆ ಒಟ್ಟಿದ್ರಿ?"

"ಖಾಲಿ ಇದ್ದಿದ್ದು ಇದೊಂದೇ ರೂಮು."

ಅಷ್ಟರಲ್ಲಿ ಗಂಟೆ ಬಡಿದುಕೊಳ್ಳತೊಡಗಿತು. ಟ್ರಾನ್ಸ್‌ಫಾರ್ಮರ್ ಮೇಲಿನ ಮೀಟರಿನ ಮುಳ್ಳು ಕೆಂಪು ಗೆರೆಯತ್ತ ಹೊರಟಿತ್ತು. ಭಾವನಿಗೆ ಫೋನ್ ಹೊಡೆದು ಹೇಳಿದೆ.

"ಅದರ ಪಕ್ಕ ತಗಡಿನ ರೆಕ್ಕೆಗಳಿವೆಯಲ್ಲ, ಗಾಳಿ ಆಡ್ತಿದೆಯೇನೋ?"

"ಇಲ್ಲ ಭಾವ. ಪುಸ್ತಕ ಒಟ್ಟಿದಾರೆ... ಸೂರಿನ ತನಕ."

"ಏಳನೇ ಅಧ್ಯಾಯ ಓದಿಲ್ವೇನೋ ನೀನು? ಗಾಳಿ ಇಲ್ದೆ ಬಿಸಿಯಾದ್ರೆ ತಾನೇ ಆಫ್ ಆಗುತ್ತೆ! ಆಸ್ಪತ್ರೆಗೆ ಕರೆಂಟು ಅಲ್ಲಿಂದ್ಲೇ! ಇಲ್ಲಿ ಜನರೇಟರ್ ಕೆಟ್ಟು ಕೂತಿದೆ... ನಿಮ್ಮಕ್ಕ ಒಳಗಿದಾಳೆ ಕಣೋ..." ಅಳುವ ದನಿ ನಿಂತಿತು. "ಯಾರ ಪುಸ್ತಕ?"

ಬಾಯಿಗೆ ಬಂದದ್ದನ್ನು ನುಂಗಿಕೊಂಡೆ.

"ಯಾರದ್ದೋ, ಭಾವ."

ಸಾಹೇಬರ ಕಡೆ ತಿರುಗಿದೆ. "ಪುಸ್ತಕ ಆಚೆ ಹಾಕ್ಸಿ ಸಾರ್! ಪಕ್ಕದಲ್ಲಿ ಆಪರೇಷನ್ ನಡೀತಿದೆ!"

"ಸರ್ಕಾರಿ ಆಸ್ತಿ. ಸಾಗಿಸೋಕೆ ಟೆಂಡರ್ ಕರೀಬೇಕು."

"ಟ್ರಾನ್ಸ್‌ಫಾರ್ಮರ್?"

"ಅದೂ ಸರ್ಕಾರದ್ದೇ. ಅವೆರಡರ ಮಧ್ಯೆ ನೀನ್ಯಾರು?"

ಮುಳ್ಳು ಕೆಂಪು ಗೆರೆಗೆ ಕೂದಲೆಳೆ ದೂರ!

ಕಿಟಕಿಗೆ ಹಾರಿದೆ. ರಾಡು ಬೀಸಿ ಬಂತು... ಭುಜ ಮರಗಟ್ಟಿತು. ಕಿಟಕಿಯ ಆಚೆ ಬಿಲ್ ಕಟ್ಟುವವರ ಕ್ಯೂ, ಹನುಮಂತನ ಬಾಲ!

"ಕರೆಂಟ್ ಬಿಲ್ ಅರ್ಧ ಮಾಡೋದು ಹೇಗೆ? ಪುಸ್ತಕ ಫ್ರೀ! ಫ್ರೀ!" ಅಂತ ಕೂಗಿದೆ.

ಕ್ಯೂ ಮುರಿಯಿತು. ಜನ ಮುಗಿಬಿದ್ದರು. ಒಂದೊಂದೇ ಕಟ್ಟು ಎಸೆದೆ. ಒಂದೇ ಕೈ... ಸಾಲುತ್ತಿಲ್ಲ!

"ಹಿಡಿಯೋ ಅವನನ್ನ!" ಸಾಹೇಬರು ಕೂಗಿದರು.

ಆ ಬೀರು ಗಾತ್ರದವನು ರಾಡು ಕೆಳಗಿಟ್ಟ.

"ನಿಜವಾಗ್ಲೂ ಅರ್ಧ ಆಗುತ್ತಾ? ನಮ್ಮನೆ ಬಿಲ್ಲೂ ಕಣ್ಣಲ್ಲಿ ನೀರು ತರಿಸುತ್ತೆ ಅಣ್ಣ."

"ಮೊದ್ಲು ಎಸೆ, ಆಮೇಲೆ ಹೇಳ್ತೀನಿ!"

ಒಂದು ಪ್ರತಿ ತನ್ನ ಅಂಗಿಯೊಳಗೆ ತುರುಕಿಕೊಂಡ. ಉಳಿದದ್ದನ್ನು ನಾಲ್ಕಾಳಿನ ಹಾಗೆ ಎಸೆದ. ಟೆಂಡರ್ ಕರೆಯದೆ ಸರ್ಕಾರಿ ಕೆಲಸ ಆಗಿದ್ದು ಇವತ್ತೇ ಮೊದಲಿರಬೇಕು. ರೂಮಿಗೆ ಗಾಳಿ ನುಗ್ಗಿತು. ಮುಳ್ಳು ಅಳ್ಳಾಡಿತು... ನಿಂತಿತು... ಹಿಂದೆ ಸರಿಯಿತು!

ಆಮೇಲೆ ಭಾವನ ಫೋನ್. "ಹೊಲಿಗೆ ಹಾಕ್ತಿದಾರಂತೆ ಕಣೋ! ಗಂಡಾಂತರ ಕಳೀತು!"

ಅತ್ತುಬಿಟ್ಟೆ. ಡಿಟೆಕ್ಟಿವ್ ಅಳಬಾರದು ಅಂತ ಯಾವ ಕಾನೂನಿದೆ?

ಸರ್ಕಾರಿ ಆಸ್ತಿ ಕದ್ದದ್ದಕ್ಕೆ ಮಾತ್ರ ಕಾನೂನಿತ್ತು. ಸಾಹೇಬರು ಕಂಪ್ಲೇಂಟ್ ಕೊಟ್ಟರು. ಪೊಲೀಸರು ಬಂದು ನನ್ನನ್ನು ಹಿಡಿದರು. ಸಾಕ್ಷಿಗೆ ಅಂತ ಬೀರುವಿನ ಅಂಗಿಯೊಳಗಿನ ಪ್ರತಿ ಕಿತ್ತುಕೊಂಡರು. ಪಾಪ, ಅವನು ಬಿಕ್ಕಿದ.

ಸ್ಟೇಷನ್ನಿನಲ್ಲಿ, ಕೇಸ್ ಬರೆಯಬೇಕಲ್ಲ ಅಂತ ಇನ್ಸ್‌ಪೆಕ್ಟರ್ ಆ ಪುಸ್ತಕ ತೆರೆದರು. ಒಂದು ಪುಟ... ಹತ್ತು ಪುಟ... ಟೀ ತರಿಸಿಕೊಂಡರು. ನನಗಿಲ್ಲ! ಏಳನೇ ಅಧ್ಯಾಯಕ್ಕೆ ಬಂದು ಎದ್ದು ನಿಂತರು.

"ಇವತ್ತು ಆಗಿದ್ದನ್ನ ಅವತ್ತೇ ಬರೆದಿಟ್ಟಿದಾರಲ್ರೀ! ಇವರನ್ನ ನೋಡ್ಬೇಕಲ್ಲ. ಎಲ್ಲಿ ಸಿಗ್ತಾರೆ?"

ಹೇಳಿದೆ. ಒಂದು ಫೋನ್ ಮಾಡಲು ಬಿಟ್ಟರು. ಅಕ್ಕನಿಗೆ ಎಚ್ಚರವಾಗಿತ್ತು. ಭಾವ ಫೋನನ್ನು ಅವಳ ಕಿವಿಗೆ ಹಿಡಿದರು.

"ಅಕ್ಕಾ, ಓದುಗ ಸಿಕ್ಕಿದ."

"ನಿಜವಾ?" ದನಿ ನೂಲಿನೆಳೆಯಷ್ಟು ಸಣ್ಣಗಿತ್ತು, ನಗುತ್ತಿತ್ತು. "ಕರ್ಕೊಂಡು ಬಾರೋ."

ಕೈಯ ಬೇಡಿ ನೋಡಿಕೊಂಡೆ.

"ನಾನಲ್ಲ ಅಕ್ಕ... ಅವರೇ ನನ್ನನ್ನ ಕರ್ಕೊಂಡು ಬರ್ಬೇಕು!"