ಕಪಾಟಿನ ಮೇಲಿನ ದನಿ

ಕ್ಯಾಮೆರಾ ಕೂರಿಸುವುದೇ ನನ್ನ ಕಸುಬು. ದೆವ್ವ ಗಿವ್ವ ಎಂದರೆ ನಗುವವನು ನಾನು. ಅಕ್ಕನ ಮನೆಯಲ್ಲಿ ಹಾಸಿಗೆ ಹಿಡಿದ ನಮ್ಮಮ್ಮನ ಮೇಲೆ ಒಂದು ಕಣ್ಣಿರಲಿ ಎಂದು ಭಾವ ತಾವೇ ಒಂದು ಕ್ಯಾಮೆರಾ ತಂದು ಕಪಾಟಿನ ಮೇಲಿಟ್ಟಿದ್ದರು. ಒಂದು ಮಧ್ಯಾಹ್ನ ಅಕ್ಕ ಫೋನ್ ಮಾಡಿದಳು.

"ಅದರೊಳಗಿಂದ ಯಾರೋ ಗಂಡಸು ಅಮ್ಮನ್ನ ಮಾತಾಡಿಸ್ತಾನೆ ಕಣೋ."

ಹೋಗಿ, ಆ ಕ್ಯಾಮೆರಾದ ಚಿತ್ರ ಹೊರಗಿನವರಿಗೂ ಸಿಗುತ್ತದೆಯೇ ಎಂದು ಇಂಟರ್‌ನೆಟ್‌ನಲ್ಲಿ ಹುಡುಕಿದೆ. ಅಮ್ಮನ ಮಂಚ ಊರಿಗೆಲ್ಲ ಕಾಣುವಂತೆ ತೆರೆದುಕೊಂಡಿತ್ತು. ಕಂಪನಿ ಕೊಟ್ಟ ಪಾಸ್‌ವರ್ಡನ್ನೇ ಭಾವ ಉಳಿಸಿಕೊಂಡಿದ್ದರು.

"ಬದಲಾಯಿಸಿದ್ರೆ ಮರೆತುಹೋಗುತ್ತಲ್ಲಪ್ಪ," ಎಂದರು.

ಹೊಸ ಪಾಸ್‌ವರ್ಡ್ ಹಾಕಿ, ಹೊರಗಿನವರು ಒಳಬರುವ ದಾರಿಯನ್ನೂ ರೂಟರ್‌ನಲ್ಲಿ ಮುಚ್ಚಿದೆ. ಮತ್ತೆ ಹುಡುಕಿದಾಗ ಮಂಚ ಕಾಣಲಿಲ್ಲ. ಆಗಲೇ ಕಪಾಟಿನ ಮೇಲಿಂದ ಮೆಲ್ಲನೆಯ ದನಿ ಕೇಳಿತು.

"ಊಟ ಆಯ್ತಾ?"

"ಆಯ್ತಪ್ಪ," ಎಂದಳು ಅಮ್ಮ, ದಿನವೂ ಹೇಳುವವಳಂತೆ.

ವೈರ್ ಕಿತ್ತೆಸೆದೆ. ಇಡೀ ದಿನ ಓಡಿದ ಕ್ಯಾಮೆರಾ ಬೆಚ್ಚಗಿರಬೇಕು. ಇದು ಕೈಗೆ ತಣ್ಣಗೆ ಕೊರೆಯಿತು.

ಅಂಗಡಿಗೆ ತಂದು ಬಿಚ್ಚಿದೆ. ಚಿತ್ರ ಕಳಿಸುವುದಷ್ಟೇ ಅದರ ಕೆಲಸ. ಒಳಗೆ ಸ್ಪೀಕರೇ ಇಲ್ಲ.

ಇದನ್ನು ಅಕ್ಕನಿಗೆ ಇನ್ನೂ ಹೇಳಿಲ್ಲ. ಪೀಡೆ ತೊಲಗಿತೆಂದು ಅವಳು ನಿಶ್ಚಿಂತೆಯಾಗಿದ್ದಾಳೆ. ಅಮ್ಮ ಮಾತ್ರ ಊಟವಾದ ಮೇಲೆ ಈಗಲೂ ಖಾಲಿ ಕಪಾಟಿನ ಕಡೆ ತಿರುಗಿ, ಸ್ವಲ್ಪ ಕಾದು, "ಆಯ್ತಪ್ಪ" ಎನ್ನುತ್ತಾಳೆ.